ಅಕ್ಕ ರಸಮಂಜರಿಗೆ ಹೋದಾಗ ಅಪ್ಪ ಎಲ್ಲಿದ್ರು

ಹೋದ ತಿಂಗಳು ಒಂದು ಸಂಜೆ ಕರೆಂಟ್ ಹೋಗಿತ್ತು, ಅಪ್ಪ ವರಾಂಡದಲ್ಲಿ ಕುರ್ಚಿ ಹಾಕ್ಕೊಂಡು ಸುಮ್ನೆ ಕೂತಿದ್ರು, ನಾನು ಫೋನಲ್ಲಿ ಇನ್ನೂ ಚಾರ್ಜ್ ಇದೆಯಲ್ಲ ಅಂತ ಒಂದು ಹಳೇ ಹಾಡು ಹಾಕಿದೆ. 1956ರ ರೆಕಾರ್ಡಿಂಗು. ಮೊದ್ಲು ಬರೋದು ಬರೀ ಗಿಟಾರು, ಅದೂ ನಡುಗೋ ಥರದ್ದು, ನಮ್ಮ ಮೈಸೂರಿನ ಕಾರಂಜಿ ಕೆರೆ ಮೇಲೆ ಸಂಜೆ ಗಾಳಿ ಹಾದ್ರೆ ನೀರು ಹೆಂಗೆ ಕಾಣುತ್ತೋ ಹಂಗೆ. ಆಮೇಲೆ ಅಷ್ಟೂ ಧ್ವನಿ ಒಟ್ಟಿಗೆ ಬರುತ್ತವೆ, ಅದರೊಳಗಿಂದ ಒಂದು ಧ್ವನಿ ಮಾತ್ರ ತಳದಿಂದ ಎದ್ದು ಮುಂದೆ ಬರುತ್ತೆ. ಅಪ್ಪ ಕಣ್ಣು ಮುಚ್ಚಿ ಕೇಳ್ತಿದ್ದವರು "ಬೇಸ್ ಚೆನ್ನಾಗಿ ಹಿಡಿದಿದ್ದಾನೆ, ಯಾರವನು?" ಅಂದ್ರು. ಬೇಸ್ ಅಂದ್ರೆ ಎಲ್ಲಕ್ಕಿಂತ ಕೆಳಗಿನ ಗಂಡು ಧ್ವನಿ. ನಮ್ಮ ಚರ್ಚ್ ಕ್ವಯರಲ್ಲಿ, ಅಂದ್ರೆ ಹಾಡೋ ಗುಂಪಲ್ಲಿ, ಸುಮಾರು ನಲವತ್ತು ವರ್ಷ ಬೇಸ್ ಹಾಡಿದವರು ಅಪ್ಪ, ಅವರು ಇನ್ನೊಬ್ಬರ ಬೇಸ್ ಚೆನ್ನಾಗಿದೆ ಅಂದಿದ್ದು ನಾನು ಕೇಳಿದ್ದು ಕಮ್ಮಿ.

"ಅವನಲ್ಲಪ್ಪ, ಅವಳು. ಹದಿನೇಳು ವರ್ಷದ ಹುಡುಗಿ" ಅಂದೆ.

ಅಪ್ಪ ಕಣ್ಣು ಬಿಟ್ಟು ಫೋನ್ ಕಡೆ ನೋಡಿದ್ರು. "ಇನ್ನೊಂದ್ಸಲ ಹಾಕು."

ಆ ಕಾಲದಲ್ಲಿ ಅಮೆರಿಕಾದ ರೇಡಿಯೋದಲ್ಲಿ ಕೇಳಿದವರೂ ಅದು ಗಂಡಸಿನ ಧ್ವನಿ ಅಂತಲೇ ತಿಳ್ಕೊಂಡಿದ್ರಂತೆ, ಆಮೇಲೆ ವೇದಿಕೆ ಮೇಲೆ ಪುಟ್ಟ ಹುಡುಗಿ ಬಾಯಿ ತೆಗೆದಾಗ ನಂಬೋಕಾಗ್ತಿರಲಿಲ್ವಂತೆ. ಆ ಹುಡುಗಿ ಮೇವಿಸ್ ಸ್ಟೇಪಲ್ಸ್. ಗುಂಪಿನ ಹೆಸರು ಸ್ಟೇಪಲ್ ಸಿಂಗರ್ಸ್, ಒಬ್ಬ ಅಪ್ಪ ಮತ್ತೆ ಅವರ ಮಕ್ಕಳು, ಅಷ್ಟೇ. ಈ ಮನೆಯವರ ಬಗ್ಗೆ ಬರೀಬೇಕು ಅಂತ ತುಂಬಾ ದಿನದಿಂದ ಅನ್ಕೊಂಡಿದ್ದೆ, ಆದ್ರೆ ಬರೆಯೋಕೆ ಕೂತಾಗೆಲ್ಲ ನಮ್ಮ ಮನೆ ಕಥೆ ಅಡ್ಡ ಬರ್ತಿತ್ತು, ಹಾಗಾಗಿ ಈ ಸಲ ಎರಡನ್ನೂ ಬರೆದುಬಿಡ್ತೀನಿ.

ಆ ಗುಂಪಿನ ಅಪ್ಪನ ಹೆಸರು ರೋಬಕ್ ಸ್ಟೇಪಲ್ಸ್, ಎಲ್ರೂ ಕರೀತಿದ್ದಿದ್ದು ಪಾಪ್ಸ್ ಅಂತ. ಹುಟ್ಟಿದ್ದು 1914ರಲ್ಲಿ, ಮಿಸಿಸಿಪಿ ರಾಜ್ಯದಲ್ಲಿ, ಬೆಳೆದಿದ್ದು ಡಾಕರಿ ಅನ್ನೋ ಹತ್ತಿ ತೋಟದಲ್ಲಿ. ಅಲ್ಲೇ ಚಾರ್ಲಿ ಪ್ಯಾಟನ್ ಅನ್ನೋ ಬ್ಲೂಸ್ ಗಾಯಕರ ಗಿಟಾರ್ ಕೇಳಿ ಕಲಿತವರು, ಬ್ಲೂಸ್ ಅಂದ್ರೆ ಕಪ್ಪು ಜನ ಚರ್ಚಿನ ಆಚೆ ಹಾಡ್ತಿದ್ದ ಲೌಕಿಕ ಹಾಡು. 1930ರ ದಶಕದಲ್ಲಿ ಹೆಂಡ್ತಿ ಮಕ್ಕಳ ಸಮೇತ ಷಿಕಾಗೋಗೆ ಬಂದ್ರು, ಮಾಂಸದ ಕಾರ್ಖಾನೆ, ಸ್ಟೀಲ್ ಫ್ಯಾಕ್ಟರಿ, ಸಿಕ್ಕಿದ ಕೂಲಿ ಎಲ್ಲಾ ಮಾಡಿದ್ರು. ಒಂದು ಸುವಾರ್ತೆ ಹಾಡಿನ, ಅಂದ್ರೆ ಗಾಸ್ಪೆಲ್ ಅನ್ನೋ ಚರ್ಚಿನ ಭಕ್ತಿ ಹಾಡಿನ, ಗುಂಪಲ್ಲಿ ಹಾಡ್ತಿದ್ರು, ಆದ್ರೆ ಉಳಿದವರು ಪ್ರಾಕ್ಟೀಸಿಗೆ ಸರಿಯಾಗಿ ಬರ್ತಿರಲಿಲ್ಲ. ಬೇಜಾರಾಗಿ ಮನೆಗೆ ಬಂದವರು ಮಕ್ಕಳನ್ನೆಲ್ಲ ನೆಲದ ಮೇಲೆ ಸುತ್ತ ಕೂರಿಸಿಕೊಂಡು, ತಾವು ಊರಲ್ಲಿ ಅಣ್ಣತಮ್ಮಂದಿರು ಅಕ್ಕತಂಗಿಯರ ಜೊತೆ ಹಾಡ್ತಿದ್ದ ಪಾರ್ಟುಗಳನ್ನ ಒಬ್ಬೊಬ್ಬರಿಗೆ ಒಂದೊಂದು ಕೊಟ್ರು. ಗಿರವಿ ಅಂಗಡೀಲಿ ಕೊಂಡ ಗಿಟಾರು ಕೈಯಲ್ಲಿ. 1948ರಲ್ಲಿ ಮೊದಲ ಸಲ ಚರ್ಚಲ್ಲಿ ಹಾಡಿದ್ರು.

ನಾನು ಇದನ್ನ ಮೊದಲ ಸಲ ಓದಿದಾಗ ಕೈ ನಿಂತುಹೋಯ್ತು, ಯಾಕಂದ್ರೆ ನಮ್ಮಪ್ಪ ಅಶೋಕಪುರಂ ರೈಲ್ವೆ ವರ್ಕ್‌ಶಾಪಲ್ಲಿ ಫಿಟ್ಟರ್ ಆಗಿದ್ದವರು, ಶನಿವಾರ ಡ್ಯೂಟಿ ಮುಗಿಸಿ ಬಂದು ಸೋಪು ಹಾಕಿ ಉಜ್ಜಿ ಉಜ್ಜಿ ಕೈಯಿಂದ ಗ್ರೀಸ್ ತೆಗೆದು, ಕಾಫಿ ಕುಡಿದು, ಹಾರ್ಮೋನಿಯಂ ಹೊರಗೆ ತೆಗೀತಿದ್ರು. ಚಾಪೆ ಮೇಲೆ ನಾವು ಮೂರು ಜನ. ಅಕ್ಕ ಸೊಪ್ರಾನೊ ಅಂದ್ರೆ ರಾಗ ಹಿಡಿಯೋ ಮೇಲಿನ ಧ್ವನಿ, ಅಣ್ಣ ಟೆನರ್ ಅಂದ್ರೆ ಗಂಡಸರ ಮೇಲಿನ ಧ್ವನಿ, ನಾನು ಆಲ್ಟೊ ಅಂದ್ರೆ ಸೊಪ್ರಾನೊಗಿಂತ ಕೆಳಗಿನ ಮಧ್ಯದ ಧ್ವನಿ, ಅಪ್ಪ ಬೇಸ್. ಡೋ ರೇ ಮಿ ಹೇಳಿಸಿ ಪಾರ್ಟ್ ಬಾಯಿಪಾಠ ಮಾಡಿಸಿ ಆಮೇಲೇ ಕೀರ್ತನೆ ಪುಸ್ತಕದ ಮಾತು ಹಾಕಿಸೋರು. ಅಮ್ಮ ಅಡುಗೆಮನೇಲಿ ಕ್ರಿಸ್ಮಸ್ ತಿಂಡಿ ಕಲ್ಕಲ್‌ಗೆ ಹಿಟ್ಟು ನಾದುತ್ತಾ ಯಾರು ತಪ್ಪಿದ್ರು ಅಂತ ಅಲ್ಲಿಂದಲೇ ಕೂಗಿ ಹೇಳ್ತಿದ್ಲು. ಡಿಸೆಂಬರಲ್ಲಿ ಕ್ಯಾರಲ್ಸ್‌ಗೆ ಹೊರಟ್ರೆ ಬನ್ನಿಮಂಟಪದಿಂದ ಗಾಂಧಿನಗರ, ಅಲ್ಲಿಂದ ಎನ್ ಆರ್ ಮೊಹಲ್ಲಾ, ರಾತ್ರಿ ಎರಡು ಗಂಟೆ ಆಗೋದು. ಮಂಜಲ್ಲಿ ಫಿಲೋಮಿನಾ ಚರ್ಚಿನ ಎರಡು ಗೋಪುರ ಅರ್ಧ ಮಾತ್ರ ಕಾಣೋದು. ನಮ್ಮದು ಆ ಚರ್ಚಲ್ಲ, ಚಿಕ್ಕ ಪ್ರಾಟೆಸ್ಟೆಂಟ್ ಸಭೆ, ಆದ್ರೂ ಆ ಗೋಪುರ ಕಂಡ್ರೆ ಇನ್ನೊಂದು ಹಾಡು ಹಾಡೋಣ ಅನ್ಸೋದು.

ಆಲ್ಟೊ ಬಗ್ಗೆ ಸ್ವಲ್ಪ ಹೇಳಬೇಕು, ಯಾಕಂದ್ರೆ ಅದು ನನ್ನ ಜಾಗ. ನಮ್ಮ ಸಂಗೀತದಲ್ಲಿ ಎಲ್ಲರೂ ಒಂದೇ ರಾಗ ಒಂದೇ ಸ್ವರ ಹಿಡಿದು ಹೋಗ್ತೀವಿ, ಶ್ರುತಿ ಕೆಳಗಿರುತ್ತೆ ಅಷ್ಟೇ. ಹಾರ್ಮನಿ ಅಂದ್ರೆ ಒಬ್ಬರು ಸ ಹಿಡಿದಾಗ ಇನ್ನೊಬ್ಬರು ಗ, ಇನ್ನೊಬ್ಬರು ಪ, ಮೂರೂ ಅದೇ ಕ್ಷಣದಲ್ಲಿ. ಇದರಲ್ಲಿ ಆಲ್ಟೊದವರು ಎರಡು ಮೂರು ಸ್ವರದ ಮಧ್ಯದಲ್ಲೇ ಓಡಾಡ್ತಿರ್ತಾರೆ, ಅದನ್ನೊಂದೇ ಕೇಳಿದ್ರೆ ಹಾಡು ಅಂತಲೇ ಗೊತ್ತಾಗಲ್ಲ, ಆದ್ರೆ ಅದನ್ನ ತೆಗೆದುಬಿಟ್ರೆ ಮೇಲಿನ ರಾಗಕ್ಕೂ ಕೆಳಗಿನ ಬೇಸಿಗೂ ಮಧ್ಯ ತೂತು ಬಿದ್ದಹಾಗಿರುತ್ತೆ. ಒಂದೇ ಮನೆಯವರು ಹಾಡಿದ್ರೆ ಇದು ಯಾಕೆ ಅಷ್ಟು ಕೂಡುತ್ತೆ ಅಂದ್ರೆ ಗಂಟಲು ಒಂದೇ ಅಚ್ಚಿನವು ಅನ್ನೋದೊಂದೇ ಅಲ್ಲ, ಅ ಅನ್ನೋದನ್ನ ಎಲ್ಲರೂ ಒಂದೇ ಥರ ಬಾಯಿ ಬಿಟ್ಟು ಅಂತಾರೆ, ಒಬ್ಬರು ಉಸಿರು ಎಲ್ಲಿ ಎಳ್ಕೋತಾರೆ ಅಂತ ಇನ್ನೊಬ್ಬರಿಗೆ ನೋಡದೆ ಗೊತ್ತಿರುತ್ತೆ. ಸ್ಟೇಪಲ್ಸ್ ಮನೆಯವರಲ್ಲಿ ಇದರ ಮೇಲೆ ಇನ್ನೊಂದಿದೆ, ಮೇವಿಸ್ ಮುಂದೆ ಎತ್ಕೊಂಡು ಹೋಗ್ತಾರೆ, ಉಳಿದವರು ಹಿಂದಿಂದ ಉತ್ತರ ಕೊಡ್ತಾರೆ. ನಮ್ಮ ಅಜ್ಜಿ ಮಳವಳ್ಳಿ ಕಡೆಯವರು, ಮದುವೆಗಳಲ್ಲಿ ಸೋಬಾನೆ ಹೇಳುವಾಗ ಒಬ್ರು ಎತ್ಕೊಡೋರು ಮಿಕ್ಕವರು ಸೊಲ್ಲು ಹೇಳೋರು ಅಂತಿದ್ರು. ನೀಲಗಾರರು ಮಂಟೇಸ್ವಾಮಿ ಕಥೆ ಹಾಡುವಾಗ ಹಿಮ್ಮೇಳ ಹಿಡಿಯೋದನ್ನ ಕೇಳಿದವರಿಗೆ ಈ ಹಾಡುಗಳು ಹೊಸದು ಅನ್ಸೋದೇ ಇಲ್ಲ.

ಸರಿ, ಸುವಾರ್ತೆ ಹಾಡೋರು ಸಿನಿಮಾ ರೇಡಿಯೋದ ಪಾಪ್ಯುಲರ್ ಹಾಡಿಗೆ ಹೋದ್ರು ಅಂತ ಇವರ ಕಥೇನ ಒಂದು ಸಾಲಲ್ಲಿ ಹೇಳಿಬಿಡ್ತಾರೆ. ನನಗೆ ಅದು ಸರಿ ಕಾಣಲ್ಲ, ಮಧ್ಯದಲ್ಲಿ ಹತ್ತು ಹದಿನೈದು ವರ್ಷ ಇದೆ. 1957ರಲ್ಲಿ ಲಿಟಲ್ ರಾಕ್ ಅನ್ನೋ ಊರಲ್ಲಿ ಒಂಬತ್ತು ಜನ ಕಪ್ಪು ಮಕ್ಕಳನ್ನ ಬಿಳಿಯರ ಹೈಸ್ಕೂಲಿಗೆ ಸೇರಿಸದೆ ಜನ ಅಡ್ಡಗಟ್ಟಿದ್ರು, ಸೈನ್ಯ ಬಂದು ಒಳಗೆ ಕರ್ಕೊಂಡು ಹೋಗಬೇಕಾಯ್ತು. ಆ ಮಕ್ಕಳನ್ನ ನೋಡಿ, ನನ್ನನ್ನ ಯಾಕೆ ಹೀಗೆ ನಡೆಸ್ಕೋತೀರಿ ಅಂತ ಪಾಪ್ಸ್ ಒಂದು ಹಾಡು ಕಟ್ಟಿದ್ರು. ಮಾರ್ಟಿನ್ ಲೂಥರ್ ಕಿಂಗ್ ಅವರಿಗೆ ಅದು ತುಂಬಾ ಇಷ್ಟ, ತಮ್ಮ ಸಭೆಗಳಲ್ಲಿ ಅದನ್ನೇ ಹಾಡಿ ಅಂತ ಕೇಳ್ತಿದ್ರು. ಕಿಂಗ್ ಅವರು ಚರ್ಚಲ್ಲಿ ಮಾಡಿದ ಬೋಧನೆ ಕೇಳಿ ಬಂದ ದಿನ ಪಾಪ್ಸ್ ಮಕ್ಕಳನ್ನ ಕೂರಿಸಿಕೊಂಡು, ಆ ಮನುಷ್ಯ ಅದನ್ನ ಬೋಧನೆ ಮಾಡಬಹುದಾದ್ರೆ ನಾವು ಹಾಡಬಹುದು ಅನ್ನೋ ಅರ್ಥದ ಮಾತು ಹೇಳಿದ್ರು ಅಂತ ಮೇವಿಸ್ ಎಷ್ಟೋ ಸಲ ಹೇಳಿದ್ದಾರೆ. 1965ರಲ್ಲಿ ಸೆಲ್ಮಾದಿಂದ ಮಾಂಟ್ಗಮರಿಗೆ ಓಟಿನ ಹಕ್ಕಿಗಾಗಿ ಜನ ನಡೆದ್ರಲ್ಲ, ಆ ನಡಿಗೆ ಮೇಲೂ ಇವರದೊಂದು ಹಾಡು ಬಂತು, ಅದನ್ನ ಷಿಕಾಗೋದ ಒಂದು ಚರ್ಚಲ್ಲೇ ರೆಕಾರ್ಡ್ ಮಾಡಿದ್ರು. ಚರ್ಚಿನ ಬೆಂಚು, ಚರ್ಚಿನ ಚಪ್ಪಾಳೆ, ಹಾಡ್ತಿರೋದು ರಸ್ತೆ ಬಗ್ಗೆ.

ನಮ್ಮನೇಲೂ ಇದು ನಡೆದಿತ್ತು. ಅಣ್ಣ ಕಾಲೇಜಿಗೆ ಹೋಗ್ತಿದ್ದಾಗ ಏಪ್ರಿಲ್ 14ಕ್ಕೆ ಅಂಬೇಡ್ಕರ್ ಜಯಂತಿ ಮೆರವಣಿಗೇಲಿ ತಮಟೆ ಜೊತೆ ಹೋರಾಟದ ಹಾಡು ಹಾಡ್ತಿದ್ದ. ಅಪ್ಪ ವರ್ಕ್‌ಶಾಪಿಂದ ನೇರವಾಗಿ ಬಂದು ರಸ್ತೆ ಪಕ್ಕ ಸೈಕಲ್ ಹಿಡ್ಕೊಂಡು ನಿಂತು ಪೂರ್ತಿ ಕೇಳೋರು. ಮನೆಗೆ ಬಂದಮೇಲೆ "ಎರಡನೇ ಚರಣದಲ್ಲಿ ಶ್ರುತಿ ಮೇಲೆ ಹೋಯ್ತು ಕಣೋ" ಅನ್ನೋರು, ಅದು ಅವರು ಮೆಚ್ಚಿಕೊಂಡಾಗ ಹೇಳೋ ಮಾತು. ಚರ್ಚಲ್ಲೂ ಯಾರೂ ಏನೂ ಅನ್ನಲಿಲ್ಲ.

ಅಂದ್ರೆ ಚರ್ಚಿಂದ ಆಚೆ ಹಾಡೋದು ತಪ್ಪು ಅಂತ ಅಪ್ಪ ಯಾವತ್ತೂ ತಿಳ್ಕೊಂಡಿರಲಿಲ್ಲ. ಅದಕ್ಕೇ ಅಕ್ಕನ ವಿಷಯ ನನಗೆ ಇವತ್ತಿಗೂ ಜೀರ್ಣ ಆಗಿಲ್ಲ.

1994ರ ಗಣೇಶನ ಹಬ್ಬ. ನಮ್ಮ ಬೀದಿಯ ಒಬ್ಬ ಹುಡುಗ ಒಂದು ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸ್ತಿದ್ದ. ಅವರ ಗಾಯಕಿಗೆ ಗಂಟಲು ಕಟ್ಟಿ, ಅವತ್ತು ರಾತ್ರಿ ಪಾಂಡವಪುರದಿಂದ ಆಚೆ ಒಂದು ಹಳ್ಳೀಲಿ ರಸಮಂಜರಿ ಕಾರ್ಯಕ್ರಮ, ಬೇರೆ ಯಾರೂ ಸಿಗದೆ ಕ್ಯಾರಲ್ಸಲ್ಲಿ ಅಕ್ಕನ ಹಾಡು ಕೇಳಿದ್ದ ನೆನಪಲ್ಲಿ ನಮ್ಮನೆಗೆ ಬಂದ. ಅಪ್ಪ ಸೆಕೆಂಡ್ ಶಿಫ್ಟಲ್ಲಿದ್ರು. ಅಮ್ಮ ಒಂದು ನಿಮಿಷ ಯೋಚನೆ ಮಾಡಿ "ಅಣ್ಣನ್ನ ಜೊತೇಲಿ ಕರ್ಕೊಂಡು ಹೋಗು" ಅಂದ್ಲು. ಅಕ್ಕ ಟೆಂಪೋದಲ್ಲಿ ಸ್ಪೀಕರ್ ಪೆಟ್ಟಿಗೆ ಪಕ್ಕ ಕೂತು ಹೋದವಳು ಬೆಳಗಿನ ಜಾವ ಬಂದ್ಲು, ಕೈಯಲ್ಲಿ ನೂರೈವತ್ತು ರೂಪಾಯಿ, ಧ್ವನಿ ಒಡೆದುಹೋಗಿತ್ತು, ಮುಖ ಮಾತ್ರ ಹಂಗೆ ನಾನು ಯಾವತ್ತೂ ನೋಡಿರಲಿಲ್ಲ. ಒಂದು ಹಾಡನ್ನ ಜನ ಎರಡು ಸಲ ಹಾಡಿಸಿದ್ರಂತೆ. ಆಮೇಲೆ ಮದ್ದೂರು, ಶ್ರೀರಂಗಪಟ್ಟಣ, ಕೆ ಆರ್ ಪೇಟೆ, ಕರೆ ಬರ್ತಾನೇ ಹೋಯ್ತು.

ಕ್ರಿಸ್ಮಸ್ ಹತ್ರ ಬಂದಾಗ ಚರ್ಚ್ ಕಮಿಟಿಯ ಹಿರಿಯರು ಒಬ್ಬರು ಅಪ್ಪನ್ನ ಆರಾಧನೆ ಮುಗಿದ ಮೇಲೆ ಪಕ್ಕಕ್ಕೆ ಕರೆದ್ರು. ದೇವರ ಹಾಡು ಹಾಡೋ ಬಾಯಲ್ಲಿ ಹೀರೋ ಹೀರೋಯಿನ್ ಹಾಡು ಬೇಡ, ಅಲ್ಲಿ ಹಾಡೋದಾದ್ರೆ ಇಲ್ಲಿ ಬೇಡ ಅಂದ್ರು. ಅಕ್ಕನಿಗೆ ಕೊಟ್ಟಿದ್ದ ಕ್ರಿಸ್ಮಸ್ ಸೋಲೋ ಬೇರೆಯವರಿಗೆ ಹೋಯ್ತು. ಅಪ್ಪ ಅವರ ಹತ್ರ ಏನೂ ವಾದ ಮಾಡಲಿಲ್ಲ. ಅಕ್ಕನಿಗೂ ಬೈಲಿಲ್ಲ. ಆ ಶನಿವಾರ ಹಾರ್ಮೋನಿಯಂ ತೆಗೆದಾಗ ಕೀರ್ತನೆ ಪುಸ್ತಕ ಎರಡೇ ತಂದ್ರು, ಒಂದು ಅಣ್ಣನಿಗೆ, ಒಂದು ನನಗೆ. ಅಕ್ಕ ಬಾಗಿಲ ಹತ್ರ ನಿಂತಿದ್ಲು. ಸೊಪ್ರಾನೊ ಇಲ್ಲದೆ ನಾವು ಮೂರು ಜನ ಆ ಹಾಡು ಹಾಡಿದ್ವಿ, ರಾಗವೇ ಇಲ್ಲದ ಹಾಡು. ಅಣ್ಣ ಬೀದೀಲಿ ಹಾಡಬಹುದಿತ್ತು, ಅಕ್ಕ ಲೈಟು ಹಾಕಿದ ಸ್ಟೇಜಲ್ಲಿ ಹಾಡಬಾರದಾಗಿತ್ತು. ಹೆಣ್ಣು ಹುಡುಗಿ ಅನ್ನೋದು ಒಂದು ಕಾರಣ, ದುಡ್ಡು ತಗೊಂಡ್ಲು ಅನ್ನೋದು ಇನ್ನೊಂದು. ಅವಳು ಹಾಡಿದ್ದರಲ್ಲಿ ತಪ್ಪೇನಿತ್ತು ಅಂತ ಯಾರೂ ಹೇಳಲಿಲ್ಲ, ಅವಳು ಹಾಡಿದ್ದನ್ನ ಅವರು ಯಾರೂ ಕೇಳಿರಲೇ ಇಲ್ಲ.

ಸ್ಟೇಪಲ್ಸ್ ಮನೆಗೂ ಇದೇ ಮಾತು ಬಂದಿತ್ತು. 1968ರಲ್ಲಿ ಮೆಂಫಿಸ್‌ನ ಸ್ಟ್ಯಾಕ್ಸ್ ಅನ್ನೋ ರೆಕಾರ್ಡ್ ಕಂಪನಿಗೆ ಸೇರಿದ್ರು, ಅಲ್ಲಿ ಅಲ್ ಬೆಲ್ ಅನ್ನೋರು ಇವರನ್ನ ಅಲಬಾಮಾದ ಮಸಲ್ ಶೋಲ್ಸ್ ಅನ್ನೋ ಚಿಕ್ಕ ಊರಿಗೆ ಕರ್ಕೊಂಡು ಹೋದ್ರು, ಅಲ್ಲಿನ ಬಿಳಿಯ ಹುಡುಗರ ಬ್ಯಾಂಡು ಹಿಂದೆ ನಿಂತಿತು. 1971ರಲ್ಲಿ ನಿನ್ನ ಮರ್ಯಾದೆ ನೀನು ಇಟ್ಕೋ ಅನ್ನೋ ಅರ್ಥದ ಹಾಡು ರೇಡಿಯೋ ತುಂಬಾ ಓಡಿತು. 1972ರಲ್ಲಿ 'ಐಲ್ ಟೇಕ್ ಯೂ ದೇರ್' ಅಮೆರಿಕಾದ ಜನಪ್ರಿಯ ಹಾಡುಗಳ ಪಟ್ಟಿ ಬಿಲ್‌ಬೋರ್ಡ್ ಹಾಟ್ 100ರಲ್ಲಿ ಒಂದನೇ ಸ್ಥಾನಕ್ಕೆ ಹೋಯ್ತು. ಅಲ್ ಬೆಲ್ ಅದನ್ನ ಬರೆದಿದ್ದು ಗುಂಡೇಟಿಗೆ ಸತ್ತ ತಮ್ಮನ್ನ ಮಣ್ಣು ಮಾಡಿ ಬಂದಮೇಲೆ. ಶುರುವಿನ ತುಣುಕು ಜಮೈಕಾದ ಒಂದು ರೆಕಾರ್ಡಿಂದ ಬಂದಿದ್ದು. ಇಡೀ ಹಾಡಲ್ಲಿ ಇರೋದು ಎರಡೇ ಕಾರ್ಡು, ಅಂದ್ರೆ ಒಟ್ಟಿಗೆ ನುಡಿಸೋ ಸ್ವರಗಳ ಎರಡೇ ಗುಂಪು, ಅದೇ ಅದೇ ತಿರುಗ್ತಾ ಇರುತ್ತೆ, ಭಜನೆ ಕಾವೇರಿದಾಗ ಒಂದೇ ಸಾಲು ಹಿಡ್ಕೊಂಡು ಹೋಗ್ತಾರಲ್ಲ ಹಂಗೆ, ಅದರ ಮೇಲೆ ಮೇವಿಸ್ ಧ್ವನಿ ಎಲ್ಲಿ ಬೇಕಾದ್ರೂ ಹೋಗಿ ಬರುತ್ತೆ. ಅಳೋರಿಲ್ಲದ, ಸುಳ್ಳು ನಗು ಇಲ್ಲದ ಜಾಗಕ್ಕೆ ನಿನ್ನನ್ನ ಕರ್ಕೊಂಡು ಹೋಗ್ತೀನಿ ಅನ್ನೋದು ಆ ಹಾಡಿನ ಮಾತು. ಅದು ಕುಣಿಯೋ ಹಾಡು ಅಂತ ಚರ್ಚಿನ ಎಷ್ಟೋ ಜನ ಮುನಿಸಿಕೊಂಡ್ರು, ಸೈತಾನನ ಸಂಗೀತಕ್ಕೆ ಹೋದ್ರು ಅಂದ್ರು. ಸೈತಾನನಿಗೆ ಸಂಗೀತ ಅಂತ ಯಾವುದೂ ಇಲ್ಲ, ಇರೋದೆಲ್ಲಾ ದೇವರದ್ದೇ, ನಾವು ಕರ್ಕೊಂಡು ಹೋಗ್ತೀವಿ ಅಂತಿರೋದು ಪರಲೋಕಕ್ಕಲ್ದೆ ಇನ್ನೆಲ್ಲಿಗೆ ಅಂತ ಮೇವಿಸ್ ಉತ್ತರ ಕೊಡ್ತಾ ಬಂದ್ರು. ಈ ಮಾತು ಆಕೆಗೆ ಸುಮ್ನೆ ಬಂದಿದ್ದಲ್ಲ. ಚಿಕ್ಕವಳಿದ್ದಾಗ ಮಿಸಿಸಿಪಿಯ ಅಜ್ಜಿ ಮನೇಲಿ ಇದ್ದಾಗ ಸ್ಕೂಲಲ್ಲಿ ಒಂದು ಬ್ಲೂಸ್ ಹಾಡು ಹಾಡಿದ್ದಕ್ಕೆ ಅಜ್ಜಿ ಕೈಲಿ ಏಟು ತಿಂದಿದ್ದವರು ಆಕೆ.

ಆ ಒಂದನೇ ನಂಬರ್ ಹಾಡಿನ ಮಧ್ಯದಲ್ಲಿ ಒಂದು ಜಾಗ ಇದೆ, ಗಿಟಾರ್ ಬರೋವಾಗ ಮೇವಿಸ್ ಡ್ಯಾಡಿ ಡ್ಯಾಡಿ ಅಂತ ಅಪ್ಪನ್ನ ಕರೀತಾರೆ. ಸ್ಟುಡಿಯೋದಲ್ಲಿ ಆ ಗಿಟಾರ್ ನುಡಿಸಿದ್ದು ಎಡ್ಡಿ ಹಿಂಟನ್ ಅನ್ನೋ ಬೇರೆಯವರು. ಆದ್ರೂ ಬಾಯಿಗೆ ಬಂದಿದ್ದು ಅಪ್ಪ. ನಾನು ಆ ಜಾಗ ಬಂದಾಗೆಲ್ಲ ಹಾಡು ನಿಲ್ಲಿಸಿಬಿಡ್ತಿದ್ದೆ ಒಂದಷ್ಟು ವರ್ಷ.

ಪಾಪ್ಸ್‌ಗೂ ಹಿಂಜರಿಕೆ ಇರಲಿಲ್ಲ ಅಂತಲ್ಲ. 1975ರಲ್ಲಿ ಕರ್ಟಿಸ್ ಮೇಫೀಲ್ಡ್ ಒಂದು ಸಿನಿಮಾಗೆ ಹಾಡು ಕೊಟ್ಟಾಗ ಅದರಲ್ಲಿ ಸರಸದ ಮಾತಿತ್ತು, ನಾನು ಚರ್ಚಿನ ಮನುಷ್ಯ ಇದನ್ನ ಹಾಡಲ್ಲ ಅಂತ ಪಾಪ್ಸ್ ಕೂತುಬಿಟ್ರು, ಕರ್ಟಿಸ್ ಪುಸಲಾಯಿಸಿ ಹಾಡಿಸಬೇಕಾಯ್ತು, ಅದೂ ಒಂದನೇ ಸ್ಥಾನಕ್ಕೆ ಹೋಯ್ತು. ಅವರಿಗೂ ಒಳಗೆ ಗೆರೆ ಇತ್ತು. ಆದ್ರೆ ಗೆರೆ ದಾಟೋದು ಬಿಡೋದು ಏನಿದ್ರೂ ಮಕ್ಕಳ ಪಕ್ಕ ನಿಂತ್ಕೊಂಡು, ಗಿಟಾರ್ ಕೊರಳಿಗೆ ಹಾಕ್ಕೊಂಡು. ಈ ಮನೆಯವರಿಂದ ನಾನು ಬೇರೆ ಏನೂ ಕಲೀದೇ ಇದ್ರೂ ಇದೊಂದನ್ನ ಕಲಿತೆ, ಮತ್ತೆ ಇದೊಂದೇ ನಮ್ಮಪ್ಪನ ಮೇಲೆ ನನಗಿದ್ದ ಸಿಟ್ಟು.

ಇನ್ನೊಬ್ಬರ ಬಗ್ಗೆ ಹೇಳದೆ ಇದ್ರೆ ಅನ್ಯಾಯ ಆಗುತ್ತೆ. ಮೇವಿಸ್ ಅವರ ಅಕ್ಕ ಇವಾನ್. ಅವರಣ್ಣ ಪರ್ವಿಸ್ ಗುಂಪು ಬಿಟ್ಟಾಗ ಆ ಜಾಗಕ್ಕೆ ಬಂದವರು. ಅವರಿಗೆ ಸ್ಟೇಜ್ ಅಷ್ಟೊಂದು ಇಷ್ಟ ಇರಲಿಲ್ಲ, ಲೆಕ್ಕಪತ್ರ, ವ್ಯವಹಾರ ನೋಡ್ಕೊಳ್ಳೋದೇ ಸಾಕು ಅಂತಿದ್ದವರು, ಅಪ್ಪನಿಗೆ ಬೇಕು ಅಂತ ಹಾಡಿದ್ರು. ಹಾಡು ಮೇಲಕ್ಕೆ ಹೋದಾಗ ಎಲ್ಲರೂ ಮೇವಿಸ್ ಹೆಸರೇ ಹೇಳ್ತಾರೆ, ಸರಿಯೇ, ಆದ್ರೆ ದೊಡ್ಡಕ್ಕ ಕ್ಲಿಯೋಥಾ ಮತ್ತೆ ಇವಾನ್ ಹಿಂದೆ ಹಿಡಿದಿರೋ ಸ್ವರ ಕೇಳಿ ಒಂದ್ಸಲ. ಪಾಪ್ಸ್ ತೀರಿಹೋದಮೇಲೂ ಇವಾನ್ ಎಷ್ಟೋ ವರ್ಷ ಮೇವಿಸ್ ಹಿಂದೆ ನಿಂತು ಹಾಡಿದ್ರು. 2018ರಲ್ಲಿ ತೀರಿಕೊಂಡ್ರು. ಅವತ್ತು ನಾನು ಆಫೀಸಲ್ಲಿ ಕೂತು ಅತ್ತೆ, ಯಾಕೆ ಅಂತ ಪಕ್ಕದವರಿಗೆ ಹೇಳೋಕೆ ಆಗಲಿಲ್ಲ.

ಪಾಪ್ಸ್ ಹೋಗಿದ್ದು 2000ದ ಡಿಸೆಂಬರಲ್ಲಿ. ಕೊನೇ ದಿನಗಳಲ್ಲಿ ಒಂದಷ್ಟು ಹಾಡು ರೆಕಾರ್ಡ್ ಮಾಡಿ, ಇದನ್ನ ಕಳೀಬೇಡ ಅಂತ ಮೇವಿಸ್‌ಗೆ ಹೇಳಿ ಹೋದ್ರು. 2015ರಲ್ಲಿ ಆ ಹಾಡುಗಳು ಹೊರಗೆ ಬಂದ್ವು, ಅಪ್ಪ ಹೇಳಿದ ಆ ಮಾತನ್ನೇ ಆಲ್ಬಮ್ಮಿಗೆ ಹೆಸರಿಟ್ರು.

ಇದನ್ನೆಲ್ಲ ಆ ಕರೆಂಟಿಲ್ಲದ ಸಂಜೆ ಅಪ್ಪನಿಗೆ ಹೇಳ್ತಾ ಹೋದೆ. ಅಪ್ಪ ಮಧ್ಯದಲ್ಲಿ ಒಂದೇ ಒಂದು ಪ್ರಶ್ನೆ ಕೇಳಿದ್ರು.

"ಮಕ್ಕಳು ಆ ಕಡೆ ಹೋದಾಗ ಅವರಪ್ಪ ಜೊತೆಗೆ ಹೋದ್ರಾ?"

"ಹೂಂ ಅಪ್ಪ. ಮಧ್ಯದಲ್ಲಿ ನಿಂತು ಗಿಟಾರ್ ನುಡಿಸೋರು."

ಅಪ್ಪ ಬೀದಿ ಕಡೆ ನೋಡ್ತಾ ಕೂತ್ರು. ಕರೆಂಟ್ ಬಂತು, ಎದ್ದು ಒಳಗೆ ಹೋಗ್ತಾರೆ ಅನ್ಕೊಂಡೆ, ಹೋಗಲಿಲ್ಲ. "ಅಕ್ಕನಿಗೆ ಫೋನ್ ಹಾಕು" ಅಂದ್ರು.

ಅಕ್ಕ ಈಗ ಮಂಡ್ಯದಲ್ಲಿದ್ದಾಳೆ, ಐವತ್ತು ದಾಟಿದೆ, ಈಗಲೂ ಹಾಡ್ತಾಳೆ, ಮನೇಲಿ ಮಕ್ಕಳಿಗೆ ಪಾಠ ಬೇರೆ. ಈ ಮೂವತ್ತು ವರ್ಷದಲ್ಲಿ ಅಪ್ಪ ಅವಳ ಮನೆಗೆ ಹೋಗಿದ್ದಾರೆ, ಅವಳ ಮಕ್ಕಳನ್ನ ಎತ್ತಿ ಆಡಿಸಿದ್ದಾರೆ, ಒಂದೇ ಒಂದು ಕಾರ್ಯಕ್ರಮಕ್ಕೆ ಹೋಗಿಲ್ಲ. ಸ್ಪೀಕರ್ ಹಾಕಿ ಕೊಟ್ಟೆ. ಊಟ ಆಯ್ತಾ, ಮಂಡಿ ನೋವು ಹೆಂಗಿದೆ ಎಲ್ಲಾ ಆದಮೇಲೆ ಅಪ್ಪ "ಅವತ್ತು ಜನ ಎರಡು ಸಲ ಹಾಡಿಸಿದ್ರು ಅಂದಿದ್ದೆಯಲ್ಲ, ಅದು ಯಾವ ಹಾಡಮ್ಮಾ?" ಅಂದ್ರು.

ಆ ಕಡೆಯಿಂದ ಸ್ವಲ್ಪ ಹೊತ್ತು ಏನೂ ಇಲ್ಲ. ಅಪ್ಪನಿಗೆ ಅದು ನೆನಪಿದೆ ಅಂತ ನನಗೂ ಗೊತ್ತಿರಲಿಲ್ಲ. ಆಮೇಲೆ ಅಕ್ಕ ಆ ಹಳೇ ಸಿನಿಮಾ ಹಾಡಿನ ಪಲ್ಲವಿ ಮೆಲ್ಲಗೆ ಶುರು ಮಾಡಿದ್ಲು. ಅಪ್ಪ ಕೆಳಗಿಂದ ಹಮ್ ಮಾಡ್ತಾ ಬೇಸ್ ಹಿಡಿಯೋಕೆ ನೋಡಿದ್ರು, ಆದ್ರೆ ಫೋನಲ್ಲಿ ಧ್ವನಿ ಅರ್ಧ ಸೆಕೆಂಡ್ ತಡವಾಗಿ ಹೋಗುತ್ತಲ್ಲ, ಇವರು ಕೂಡಿಸಿದ್ರೆ ಅವಳಿಗೆ ಹಿಂದೆ ಕೇಳುತ್ತೆ, ಅವಳು ನಿಧಾನ ಮಾಡಿದ್ರೆ ಇವರು ಇನ್ನೂ ನಿಧಾನ ಆಗ್ತಾರೆ. ಮೂರು ಸಲ ಪ್ರಯತ್ನ ಮಾಡಿದ್ರು. "ಇದರಲ್ಲಿ ಆಗಲ್ಲ. ಭಾನುವಾರ ಬಾ, ಎದುರಿಗೆ ಕೂತ್ಕೊಳ್ಳೋಣ" ಅಂದ್ರು.

ಭಾನುವಾರ ಅಕ್ಕ ಬೆಳಿಗ್ಗೆ ಪ್ಯಾಸೆಂಜರ್ ಟ್ರೈನಿಗೇ ಬಂದ್ಲು. ಅಣ್ಣ ಬೆಂಗಳೂರಲ್ಲಿ, ಬರೋಕಾಗಲಿಲ್ಲ, ಟೆನರ್ ಜಾಗ ಖಾಲಿ. ನಾನು ಚಾಪೆ ಹಾಸಿ ಹಾರ್ಮೋನಿಯಂ ಮೇಲಿನ ಬಟ್ಟೆ ತೆಗೆದೆ. ಅಪ್ಪನಿಗೆ ಈಗ ನೆಲದ ಮೇಲೆ ಕೂರೋಕಾಗಲ್ಲ, ಕುರ್ಚೀಲಿ ಕೂತ್ರು. ಮೊದಲ ಸಲ ಹಾಡಿದಾಗ ಅಪ್ಪ ಕೈ ಎತ್ತಿ ನಿಲ್ಲಿಸಿದ್ರು. "ಶ್ರುತಿ ಒಂದು ಮನೆ ಏರಿಸು, ಕೆಳಗಿನ ಸ್ವರ ನನಗೆ ಮೊದಲಿನ ಹಾಗೆ ಸಿಗ್ತಾ ಇಲ್ಲ." ಅಕ್ಕ "ಅಷ್ಟು ಏರಿಸಿದ್ರೆ ಚರಣದಲ್ಲಿ ನನಗೆ ಮೇಲೆ ಸಿಗಲ್ಲ ಅಪ್ಪ" ಅಂದ್ಲು. ಅರ್ಧ ಮನೆ ಅಂದ್ರು ಅಪ್ಪ. ನಾನು ಹಾರ್ಮೋನಿಯಂ ಮೇಲೆ ಅದನ್ನೂ ಒತ್ತಿ ಕೊಟ್ಟೆ, ಅಕ್ಕ ಚರಣದ ಮೇಲಿನ ಸಾಲು ಹಾಡಿ ನೋಡಿದ್ಲು, ಅಪ್ಪ ತಮ್ಮ ಕೆಳಗಿನ ಸ್ವರ ಹಿಡಿದು ನೋಡಿದ್ರು, ಇಬ್ಬರೂ ತಲೆ ಆಡಿಸಿದ್ರು. ಆಮೇಲೆ ಅಕ್ಕ ಎತ್ಕೊಂಡ್ಲು.